ದೋಷವುಳ್ಳ ದೊರೆ ಮತ್ತು ಗಡಿನಾಡಿನ ಓದು: ಅಕ್ಕಲಕೋಟೆಯಿಂದ ‘ಛಾವಾ’

ಪಶ್ಚಿಮದಿಂದ ಬಂದ ನಾವೆಲ್ ಎಂಬ ಹೊಸ ಸಾಹಿತ್ಯ ಪ್ರಕಾರಕ್ಕೆ ಬಾಣಭಟ್ಟನ ಕೃತಿಯ ಹೆಸರನ್ನಿಟ್ಟು ‘ಕಾದಂಬರಿ’ ಎಂದು ಕರೆದ ಭಾಷೆಗಳಲ್ಲಿ ಮರಾಠಿ ಮತ್ತು ಕನ್ನಡ ಮುಖ್ಯವಾದವು. ಹೆಸರಿನಲ್ಲಿ ಮಾತ್ರವಲ್ಲ, ಐತಿಹಾಸಿಕ ಕಾದಂಬರಿಯ ಅಭಿರುಚಿಯಲ್ಲಿಯೂ ಈ ಎರಡು ಭಾಷೆಗಳ ನಡುವೆ ಹಳೆಯ ಕೊಡುಕೊಳೆಯಿದೆ. ಗಳಗನಾಥರು (1869–1942) ಹರಿ ನಾರಾಯಣ ಆಪ್ಟೆಯವರ (1864–1919) ಕಾದಂಬರಿಗಳನ್ನು ಕನ್ನಡಕ್ಕೆ ತಂದಾಗ ಉತ್ತರ ಕರ್ನಾಟಕದ ಓದುಗರಲ್ಲಿ ಮೊದಲು ಹುಟ್ಟಿದ ಇತಿಹಾಸಪ್ರಜ್ಞೆಯ ಒಂದು ಭಾಗ ಮರಾಠೇತಿಹಾಸದ್ದೇ ಆಗಿತ್ತು. ಅಂದಿನಿಂದ ಇಂದಿನವರೆಗೆ ಮರಾಠಿ ಐತಿಹಾಸಿಕ ಕಾದಂಬರಿಯನ್ನು ಅತಿ ಹತ್ತಿರದಿಂದ ಕಂಡ ಕನ್ನಡಿಗರೆಂದರೆ ಸೊಲ್ಲಾಪುರ, ದಕ್ಷಿಣ ಸೊಲ್ಲಾಪುರ, ಅಕ್ಕಲಕೋಟೆ ಮತ್ತು ಜತ್ತ ಭಾಗದವರು. ಮನೆಯಲ್ಲಿ ಕನ್ನಡ, ಕಚೇರಿಯಲ್ಲಿ ಮರಾಠಿ, ಪೇಟೆಯಲ್ಲಿ ಎರಡೂ ಎಂಬ ಬದುಕಿನಲ್ಲಿ ಇವರು ಮರಾಠಿ ಕಾದಂಬರಿಯನ್ನು ಅನುವಾದಕ್ಕೆ ಕಾಯದೆ ಮೂಲದಲ್ಲಿಯೇ ಓದುತ್ತಾರೆ.

ಶಿವಾಜಿ ಸಾವಂತರ ‘ಛಾವಾ’ (1979) ಅಂತಹ ಓದಿಗೆ ವಿಶೇಷವಾಗಿ ಒದಗುವ ಕೃತಿ. ಶಿವಾಜಿ ಮಹಾರಾಜರ ಹಿರಿಯ ಮಗ ಸಂಭಾಜಿಯ ಜೀವನವೇ ಅದರ ವಸ್ತು. ಮರಾಠಿಯಲ್ಲಿ ‘ಛಾವಾ’ ಎಂದರೆ ಸಿಂಹದ ಮರಿ. ಶೂರನೆಂಬುದರಲ್ಲಿ ಸಂದೇಹವಿಲ್ಲದ, ಆದರೆ ನಡತೆಯ ಬಗೆಗೆ ಮೂರು ಶತಮಾನ ವಾದವಿವಾದ ನಡೆದ ಒಬ್ಬ ದೊರೆಯನ್ನು ಕಾದಂಬರಿ ಹೇಗೆ ಕಟ್ಟುತ್ತದೆ, ಅವನ ದೋಷಗಳನ್ನು ಏನು ಮಾಡುತ್ತದೆ ಎಂಬುದನ್ನು ವಿವರಿಸುವುದು ಈ ಲೇಖನದ ಉದ್ದೇಶ. ಜೊತೆಗೆ, ಆ ಕಥೆಯ ಎಷ್ಟು ಭಾಗ ನಮ್ಮ ನೆಲದ ಮೇಲೆಯೇ ನಡೆದಿದೆ ಎಂಬುದನ್ನೂ ಗುರುತಿಸಬೇಕಾಗಿದೆ.

ಕಾದಂಬರಿಗಿಂತ ಮೊದಲಿನ ಸಂಭಾಜಿ

ಇತಿಹಾಸದ ಸ್ಥೂಲ ರೇಖೆಗಳು ಹೀಗಿವೆ. ಸಂಭಾಜಿ 1657ರ ಮೇ 14ರಂದು ಪುರಂದರ ಕೋಟೆಯಲ್ಲಿ ಜನಿಸಿದನು. ಎರಡು ವರ್ಷದವನಿರುವಾಗ ತಾಯಿ ಸಯೀಬಾಯಿ ತೀರಿಕೊಂಡಳು. ಅಜ್ಜಿ ಜೀಜಾಬಾಯಿಯ ಆಸರೆಯಲ್ಲಿ ಬೆಳೆದನು. ಒಂಬತ್ತರ ವಯಸ್ಸಿನಲ್ಲಿ ತಂದೆಯೊಡನೆ ಆಗ್ರಾದ ಸೆರೆಯನ್ನು ಕಂಡನು. 1678ರ ಡಿಸೆಂಬರಿನಲ್ಲಿ ತಂದೆಯನ್ನು ತೊರೆದು ಮೊಗಲ ಸರದಾರ ದಿಲೇರಖಾನನನ್ನು ಸೇರಿದನು. ಒಂದು ವರ್ಷದೊಳಗೆ ಮರಳಿ ಬಂದನು. 1680ರ ಏಪ್ರಿಲ್‌ನಲ್ಲಿ ಶಿವಾಜಿ ಮಹಾರಾಜರು ಕಾಲವಾದ ಮೇಲೆ ಮಲತಾಯಿ ಸೋಯರಾಬಾಯಿ ಹಾಗೂ ಕೆಲವು ಮಂತ್ರಿಗಳು ಕಿರಿಯನಾದ ರಾಜಾರಾಮನನ್ನು ಪಟ್ಟಕ್ಕೇರಿಸಿದರು. ಸಂಭಾಜಿ ಅವರನ್ನು ಸೋಲಿಸಿ 1681ರ ಜನವರಿಯಲ್ಲಿ ಸಿಂಹಾಸನವೇರಿದನು. ಮುಂದಿನ ಎಂಟು ವರ್ಷ ಮೊಗಲರೊಡನೆ, ಸಿದ್ದಿಗಳೊಡನೆ, ಪೋರ್ಚುಗೀಜರೊಡನೆ, ಮೈಸೂರಿನೊಡನೆ ಯುದ್ಧ ನಡೆಸಿದನು. 1689ರ ಫೆಬ್ರುವರಿ 1ರಂದು ಸಂಗಮೇಶ್ವರದಲ್ಲಿ ಸೆರೆಸಿಕ್ಕಿ, ಮಾರ್ಚ್ 11ರಂದು ಔರಂಗಜೇಬನ ಆಜ್ಞೆಯಂತೆ ಚಿತ್ರಹಿಂಸೆಗೊಳಗಾಗಿ ಹತನಾದನು.

ಇಷ್ಟು ಘಟನೆಗಳಿಂದ ಎರಡು ವಿರುದ್ಧ ಚಿತ್ರಗಳನ್ನು ಬಿಡಿಸಬಹುದು; ಬಿಡಿಸಲಾಗಿದೆ ಕೂಡ. ಮೊದಲನೆಯದು ದುರ್ವ್ಯಸನಿಯಾದ, ಕ್ರೂರಿಯಾದ, ಕವಿ ಕಲಶನೆಂಬ ಉತ್ತರದೇಶದ ಆಪ್ತನ ಮಾತಿಗೆ ಮರುಳಾಗಿ ರಾಜ್ಯವನ್ನು ಕಳೆದ ಮಗನ ಚಿತ್ರ. ಇದಕ್ಕೆ ಬಹುಮಟ್ಟಿಗೆ ಆಧಾರವಾದದ್ದು ಮಲ್ಹಾರ ರಾಮರಾವ ಚಿಟಣೀಸನ ಬಖೈರು. ಇದು ರಚಿತವಾದದ್ದು ಸಂಭಾಜಿ ಸತ್ತು ನೂರಕ್ಕೂ ಹೆಚ್ಚು ವರ್ಷಗಳಾದ ಮೇಲೆ, 19ನೆಯ ಶತಮಾನದ ಆರಂಭದಲ್ಲಿ. ಬರೆದವನು ಬಾಳಾಜಿ ಆವಜಿ ಚಿಟಣೀಸನ ವಂಶಜ. ಆ ಬಾಳಾಜಿ ಆವಜಿಯನ್ನು ಅಣ್ಣಾಜಿ ದತ್ತೋ ಮೊದಲಾದವರೊಡನೆ ಒಳಸಂಚಿನ ಆರೋಪದ ಮೇಲೆ 1681ರಲ್ಲಿ ಕೊಲ್ಲಿಸಿದವನು ಸಂಭಾಜಿಯೇ. ಬಖೈರನ್ನು ಓದುವವರು ಈ ಸಂಬಂಧವನ್ನು ಮರೆಯುವಂತಿಲ್ಲ. ಹಾಗೆಂದು ಅದನ್ನು ಕೇವಲ ದ್ವೇಷವೆಂದು ತಳ್ಳಿಹಾಕಲೂ ಬರುವುದಿಲ್ಲ, ಏಕೆಂದರೆ ಕೊಲೆ ನಡೆದದ್ದು ನಿಜ. ಇನ್ನೂ ಆಶ್ಚರ್ಯದ ಸಂಗತಿಯೆಂದರೆ ಬಾಳಾಜಿ ಆವಜಿಯ ಮಗ ಖಂಡೋ ಬಲ್ಲಾಳ ಅದೇ ದೊರೆಯ ಸೇವೆಯಲ್ಲಿ ನಿಷ್ಠೆಯಿಂದ ಉಳಿದನು. ಹತನಾದ ತಂದೆ, ನಿಷ್ಠನಾದ ಮಗ, ದೂರುವ ವಂಶಜ—ಒಂದೇ ಮನೆತನದಲ್ಲಿ ಮೂರು ಬಗೆಯ ಸಂಬಂಧಗಳಿವೆ.

ಬಖೈರಿನ ಚಿತ್ರವನ್ನು ರಂಗಭೂಮಿ ಮುಂದುವರಿಸಿತು. ರಾಮ ಗಣೇಶ ಗಡಕರಿಯವರ ಅಪೂರ್ಣ ನಾಟಕ ‘ರಾಜಸಂನ್ಯಾಸ’ ಸಂಭಾಜಿಯನ್ನು ವಿಲಾಸಿಯಾಗಿ ತೋರಿಸಿತು. ಗಡಕರಿ ತೀರಿಕೊಂಡದ್ದು 1919ರಲ್ಲಿ. ಸುಮಾರು ನೂರು ವರ್ಷಗಳ ನಂತರ, 2017ರ ಜನವರಿಯಲ್ಲಿ, ಆ ನಾಟಕದ ಕಾರಣಕ್ಕಾಗಿಯೇ ಪುಣೆಯ ಸಂಭಾಜಿ ಉದ್ಯಾನದಲ್ಲಿದ್ದ ಅವರ ಪ್ರತಿಮೆಯನ್ನು ಕಿತ್ತೊಗೆಯಲಾಯಿತು. ವಸಂತ ಕಾನೇಟಕರರ ‘ರಾಯಗಡಾಲಾ ಜೇವ್ಹಾ ಜಾಗ ಯೇತೆ’ (1962) ತಂದೆ ಮಕ್ಕಳ ಮನಸ್ತಾಪವನ್ನು ಕುಟುಂಬದ ದುರಂತವಾಗಿ ಕಂಡಿತು.

ಎರಡನೆಯ ಚಿತ್ರವನ್ನು ಸಂಶೋಧಕರು ಕಟ್ಟಿದರು. ವಾ. ಸೀ. ಬೇಂದ್ರೆಯವರ ಚರಿತ್ರೆ 1960ರಲ್ಲಿ ಪ್ರಕಟವಾಯಿತು. ಕಮಲ ಗೋಖಲೆಯವರ ‘ಶಿವಪುತ್ರ ಸಂಭಾಜಿ’ 1971ರಲ್ಲಿ ಬಂದಿತು. ಸಮಕಾಲೀನ ಪತ್ರಗಳನ್ನು ಮುಂದಿಟ್ಟುಕೊಂಡು ಇವರು ಬಖೈರಿನ ಎಷ್ಟೋ ಮಾತುಗಳನ್ನು ಅಲ್ಲಗಳೆದರು. ‘ಬುಧಭೂಷಣ’ವೆಂಬ ಸಂಸ್ಕೃತ ಗ್ರಂಥವನ್ನು ರಚಿಸಿದ ವಿದ್ಯಾವಂತ, ಒಂಬತ್ತು ವರ್ಷ ಔರಂಗಜೇಬನನ್ನು ತಡೆದು ನಿಲ್ಲಿಸಿದ ಸೇನಾನಿ, ಪ್ರಾಣ ಹೋದರೂ ಮಣಿಯದ ದೊರೆ ಈ ಚಿತ್ರದಲ್ಲಿ ಎದ್ದು ನಿಲ್ಲುತ್ತಾನೆ. ಸಾವಂತರ ಕಾದಂಬರಿ ಈ ಸಂಶೋಧನೆಯ ಬೆನ್ನಿಗೆ ಬಂದದ್ದು. ಅದನ್ನು ಬಖೈರಿಗೆ ಕೊಟ್ಟ ಉತ್ತರವೆಂದು ಓದಿದರೆ ಅದರ ಭಾವಾವೇಶಕ್ಕೆ ಕಾರಣ ತಿಳಿಯುತ್ತದೆ.

ಕರ್ಣನಿಂದ ಸಂಭಾಜಿಗೆ

ಸಾವಂತರು (1940–2002) ಹುಟ್ಟಿದ್ದು ಕೊಲ್ಹಾಪುರ ಜಿಲ್ಲೆಯ ಆಜರಾದಲ್ಲಿ; ಅದೂ ಬೆಳಗಾವಿ ಸೀಮೆಗೆ ಹತ್ತಿರದ ಊರೇ. ಅವರಿಗೆ ಹೆಸರು ತಂದ ಮೊದಲ ಕಾದಂಬರಿ ‘ಮೃತ್ಯುಂಜಯ’ (1967) ಕರ್ಣನನ್ನು ಕುರಿತದ್ದು. ಅಲ್ಲಿ ಕರ್ಣ ತಾನೂ ಮಾತನಾಡುತ್ತಾನೆ. ಅವನನ್ನು ಬಲ್ಲ ಇತರರೂ ತಮ್ಮ ತಮ್ಮ ಬಾಯಿಂದ ಅವನ ಕಥೆ ಹೇಳುತ್ತಾರೆ. ಕರ್ಣನಿಂದ ಸಂಭಾಜಿಗೆ ಬಂದದ್ದು ಆಕಸ್ಮಿಕವಲ್ಲ. ಇಬ್ಬರೂ ಹುಟ್ಟಿನಿಂದ ತಮಗೆ ಸಲ್ಲಬೇಕಾದ ಸ್ಥಾನ ಕೈತಪ್ಪಿದವರು. ಇಬ್ಬರೂ ಒಂದು ಹಂತದಲ್ಲಿ ಎದುರು ಪಕ್ಷದಲ್ಲಿ ನಿಂತವರು. ಇಬ್ಬರ ಸಾವೂ ಅವರ ಬದುಕಿನ ಅಳತೆಯನ್ನು ಬದಲಿಸಿತು. ಪಂಪನ ಕಾಲದಿಂದಲೂ ಕರ್ಣನ ಕಡೆಗೆ ಒಲಿದಿರುವ ಕನ್ನಡ ಮನಸ್ಸಿಗೆ ಈ ಒಲವು ಹೊಸದೇನಲ್ಲ.

ಆದರೆ ಪುರಾಣದ ನಾಯಕನ ತಪ್ಪಿಗೆ ಶಾಪ, ವಿಧಿ, ಋಣ ಎಂಬ ಸಮಾಧಾನಗಳು ಸಿದ್ಧವಾಗಿರುತ್ತವೆ. ಇತಿಹಾಸದ ನಾಯಕನಿಗೆ ಆ ಸೌಲಭ್ಯವಿಲ್ಲ. ಅವನು ಪಕ್ಷ ಬಿಟ್ಟರೆ ಏಕೆ ಬಿಟ್ಟನೆಂದು ಮನುಷ್ಯಮಾತ್ರದ ಕಾರಣ ಹೇಳಬೇಕು. ‘ಛಾವಾ’ದಲ್ಲಿ ಆ ಕಾರಣಗಳು ಸಂಭಾಜಿಯ ಸುತ್ತಲಿನವರಲ್ಲಿವೆ: ಮಗನ ಪಟ್ಟಕ್ಕಾಗಿ ಹವಣಿಸುವ ಮಲತಾಯಿ, ಯುವರಾಜನನ್ನು ಸಹಿಸದ ಮಂತ್ರಿಗಳು, ಮಾತು ತಲುಪದಷ್ಟು ದೂರದಲ್ಲಿರುವ ತಂದೆ. ಓದುಗನಿಗೆ ಯುವರಾಜನ ಒಂಟಿತನ ಅನುಭವಕ್ಕೆ ಬರುತ್ತದೆ. ಕಾದಂಬರಿಯ ಶಕ್ತಿಯಿರುವುದು ಅಲ್ಲಿ. ಅದರ ಮಿತಿಯೂ ಅಲ್ಲಿಯೇ ಇದೆ. ನಾಯಕನ ಮೇಲಿಂದ ಇಳಿಸಿದ ದೋಷ ಇಲ್ಲವಾಗುವುದಿಲ್ಲ. ಅದನ್ನು ಬೇರೊಬ್ಬರು ಹೊರಬೇಕಾಗುತ್ತದೆ. ಬಖೈರಿನಲ್ಲಿ ಸಂಭಾಜಿ ಹೊತ್ತಿದ್ದ ಭಾರವನ್ನು ಈಗ ಸೋಯರಾಬಾಯಿ, ಅಣ್ಣಾಜಿ ದತ್ತೋ ಮತ್ತು ಶಿರ್ಕೆ ಮನೆತನದವರು ಹೊರುತ್ತಾರೆ.

ಇದು ಪುಸ್ತಕದೊಳಗೆ ಮುಗಿಯುವ ವಿಚಾರವಲ್ಲವೆಂಬುದು ಇತ್ತೀಚೆಗೆ ಸ್ಪಷ್ಟವಾಯಿತು. ಈ ಕಾದಂಬರಿಯನ್ನಾಧರಿಸಿದ ಹಿಂದೀ ಚಲನಚಿತ್ರ 2025ರ ಫೆಬ್ರುವರಿಯಲ್ಲಿ ತೆರೆಕಂಡಿತು. ಸಂಭಾಜಿ ಸೆರೆಸಿಕ್ಕಲು ಗಣೋಜಿ ಹಾಗೂ ಕಾನ್ಹೋಜಿ ಶಿರ್ಕೆ ಕಾರಣರೆಂದು ತೋರಿಸಿದ್ದಕ್ಕೆ ಆ ಮನೆತನದ ಇಂದಿನ ವಂಶಸ್ಥರು ಆಕ್ಷೇಪವೆತ್ತಿದರು. ನಿರ್ದೇಶಕರು ಕ್ಷಮೆ ಕೋರಿದರು. ಸಂಭಾಜಿಯ ಪತ್ನಿ ಯೇಸೂಬಾಯಿಯ ತವರುಮನೆಯೂ ಇದೇ ಶಿರ್ಕೆ ಮನೆ. ಗಣೋಜಿ ಅವಳ ಅಣ್ಣ. ಶಿವಾಜಿ ಮಹಾರಾಜರ ಅಳಿಯನೂ ಹೌದು. 1689ರ ಒಂದು ಸಂಶಯ 2025ರಲ್ಲಿ ಬದುಕಿರುವವರ ಮನೆಬಾಗಿಲಿಗೆ ಬಂದು ನಿಲ್ಲುತ್ತದೆ ಎಂದರೆ, ದೋಷವನ್ನು ಯಾರಿಗೆ ಹಂಚಬೇಕು ಎಂಬ ಪ್ರಶ್ನೆ ಐತಿಹಾಸಿಕ ಕಾದಂಬರಿಕಾರನಿಗೆ ಕಲೆಯ ಪ್ರಶ್ನೆಯಷ್ಟೇ ಆಗಿ ಉಳಿಯುವುದಿಲ್ಲ.

ಅಥಣಿಯ ಪ್ರಸಂಗ

ಸಂಭಾಜಿಯ ಬದುಕಿನ ಅತಿ ದೊಡ್ಡ ಕಳಂಕವೆನಿಸಿದ ಆ ಒಂದು ವರ್ಷದ ಕೊನೆಯ ಭಾಗ ಕನ್ನಡ ನೆಲದಲ್ಲಿ ನಡೆಯಿತು ಎಂಬುದನ್ನು ನಾವು ಸಾಕಷ್ಟು ಗಮನಿಸಿಲ್ಲ. ದಿಲೇರಖಾನನ ಸೈನ್ಯ 1679ರ ಏಪ್ರಿಲ್‌ನಲ್ಲಿ ಭೂಪಾಲಗಡವನ್ನು ಹಿಡಿದು, ಬಳಿಕ ವಿಜಾಪುರದ ಮೇಲೆ ಸಾಗಿತು. ವಿಜಾಪುರ ಬಗ್ಗದಿದ್ದಾಗ ಸುತ್ತಲಿನ ಸೀಮೆಯನ್ನು ಹಾಳುಗೆಡವುತ್ತ ಪಶ್ಚಿಮಕ್ಕೆ ತಿರುಗಿತು. ತಿಕೋಟಾ ಲೂಟಿಯಾಯಿತು. ನಂತರ ದೊಡ್ಡ ವ್ಯಾಪಾರದ ಪೇಟೆಯಾಗಿದ್ದ ಅಥಣಿಯನ್ನು ಸುಡಲಾಯಿತು. ಅಥಣಿಯ ನಿವಾಸಿಗಳನ್ನು ಗುಲಾಮರಾಗಿ ಮಾರಬೇಕೆಂದು ದಿಲೇರಖಾನನು ಮುಂದಾದಾಗ ಸಂಭಾಜಿ ವಿರೋಧಿಸಿದನು. ಅವನ ಮಾತು ನಡೆಯಲಿಲ್ಲ. ಅದೇ ನವೆಂಬರ್ 20ರಂದು ಅವನು ಗಂಡುವೇಷದಲ್ಲಿದ್ದ ಯೇಸೂಬಾಯಿಯೊಡನೆ ಕೆಲವೇ ಸವಾರರನ್ನು ಕೂಡಿಕೊಂಡು ಪಾಳೆಯದಿಂದ ತಪ್ಪಿಸಿಕೊಂಡು ವಿಜಾಪುರಕ್ಕೆ ಹೋದನು. ಡಿಸೆಂಬರ್ ಆರಂಭದಲ್ಲಿ ಪನ್ಹಾಳಗಡವನ್ನು ಸೇರಿದನು.

ಈ ಪ್ರಸಂಗದಲ್ಲಿ ಬಖೈರಿನ ದುಷ್ಟನೂ ಇಲ್ಲ, ಕಾದಂಬರಿಯ ನಿರ್ದೋಷಿಯೂ ಇಲ್ಲ. ತಿಕೋಟಾ, ಅಥಣಿಗಳನ್ನು ಸುಲಿದ ಸೈನ್ಯದ ಜೊತೆಗೆ ಅವನಿದ್ದನು, ಅದು ದೋಷ. ಸುಲಿಗೆಯ ಬಳಿಕ ಜನರನ್ನು ಮಾರಹೊರಟಾಗ ಅವನು ಸಹಿಸಲಿಲ್ಲ, ಅದು ಆತ್ಮಸಾಕ್ಷಿ. ದೋಷವನ್ನು ತೆಗೆದುಹಾಕಿದರೆ ಸಾಕ್ಷಿಗೆ ಅರ್ಥವಿಲ್ಲ. ದಿಲೇರಖಾನನ ಪಾಳೆಯಕ್ಕೆ ಹೋಗದವನು ಅಲ್ಲಿಂದ ಮರಳಿ ಬರುವ ಪ್ರಮೇಯವೂ ಇರುವುದಿಲ್ಲ.

ಮರಾಠಿ ಓದುಗನಿಗೆ ಅಥಣಿ ಯುವರಾಜನ ಮನಃಪರಿವರ್ತನೆಯ ಸ್ಥಳ. ಕನ್ನಡ ಓದುಗನಿಗೆ ಅದು ಸುಟ್ಟುಹೋದ ಒಂದು ಪೇಟೆಯೂ ಹೌದು. ಈ ಎರಡನೆಯ ನೋಟ ಮೊದಲನೆಯದಕ್ಕೆ ವಿರೋಧವಾದುದಲ್ಲ, ಅದನ್ನು ತುಂಬಿಕೊಡುವಂತಹುದು. ಆ ಊರಿನವರಿಗೆ ಏನಾಯಿತು ಎಂಬ ಪ್ರಶ್ನೆಯನ್ನು ದೊರೆಯ ಕಥೆ ಕೇಳಲಾರದು. ಆ ನೆಲದವರು ಓದಿದಾಗ ಆ ಪ್ರಶ್ನೆ ತಾನಾಗಿ ಏಳುತ್ತದೆ.

ಸೊಲ್ಲಾಪುರದ ಬೀಡುಗಳು, ಅಕ್ಕಲಕೋಟೆಯ ಮನೆತನ

ಇಂದಿನ ಸೊಲ್ಲಾಪುರ ಜಿಲ್ಲೆ ಈ ಕಥೆಗೆ ಹಿನ್ನೆಲೆ ಮಾತ್ರವಾಗಿರಲಿಲ್ಲ. 1685–86ರಲ್ಲಿ ಔರಂಗಜೇಬ ಸೊಲ್ಲಾಪುರದಲ್ಲಿ ಬೀಡುಬಿಟ್ಟು ವಿಜಾಪುರದ ಮುತ್ತಿಗೆಯನ್ನು ನಡೆಸಿದನು. 1686ರ ಸೆಪ್ಟೆಂಬರಿನಲ್ಲಿ ಆದಿಲಶಾಹಿ ಮುಗಿಯಿತು. ಸಂಭಾಜಿ ಸೆರೆಸಿಕ್ಕ ಸುದ್ದಿ ಬಾದಶಹನಿಗೆ ತಲುಪಿದ್ದು ಅಕ್ಲೂಜದಲ್ಲಿ. ಸೆರೆಯಾಳನ್ನು ಅವನ ಮುಂದೆ ತಂದದ್ದು ಭೀಮಾತೀರದ ಬಹಾದ್ದೂರಗಡದಲ್ಲಿ. ಕೊಂದದ್ದು ಅದೇ ಭೀಮೆಗೆ ಇಂದ್ರಾಯಣಿ ಕೂಡುವ ತುಳಾಪುರದ ಸೀಮೆಯಲ್ಲಿ. ಮುಂದೆ 1695ರಿಂದ 1699ರವರೆಗೆ ಮೊಗಲರ ಮುಖ್ಯ ಬೀಡು ಮಂಗಳವೇಢೆಯ ಬಳಿ ಮಾಚಣೂರಿನ ಬ್ರಹ್ಮಪುರಿಯಲ್ಲಿತ್ತು. ಸಂಭಾಜಿಯ ಪತ್ನಿ ಯೇಸೂಬಾಯಿ ಮತ್ತು ಮಗ ಶಾಹೂ ಆ ಎಲ್ಲ ವರ್ಷ ಬಾದಶಹನ ಸೆರೆಯಲ್ಲಿದ್ದವರು. ತುಳಾಪುರದಲ್ಲಿ ಹರಿದ ಆ ಭೀಮೆಯೇ ಮುಂದೆ ಹರಿದು ಅಕ್ಕಲಕೋಟೆ ಮತ್ತು ದಕ್ಷಿಣ ಸೊಲ್ಲಾಪುರದ ಅಂಚಿನಲ್ಲಿ ಎರಡು ರಾಜ್ಯಗಳ ಗಡಿಯಾಗುತ್ತದೆ.

ಅಕ್ಕಲಕೋಟೆಯ ಸಂಬಂಧ ಇನ್ನೂ ನೇರವಾದುದು. 1707ರಲ್ಲಿ ಔರಂಗಜೇಬ ಸತ್ತ ಮೇಲೆ ಬಿಡುಗಡೆಯಾದ ಶಾಹೂ ಸ್ವದೇಶಕ್ಕೆ ಬರುತ್ತಿರುವಾಗ ಪಾರದ ಎಂಬ ಗ್ರಾಮದ ಪಾಟೀಲ ಲೋಖಂಡೆ ಅವನನ್ನು ಎದುರಿಸಿ ಹತನಾದನು. ಪಾಟೀಲನ ವಿಧವೆ ತನ್ನ ಮಗುವನ್ನು ಶಾಹೂವಿನ ಪಲ್ಲಕ್ಕಿಯ ಮುಂದಿಟ್ಟು ಕಾಪಾಡೆಂದು ಬೇಡಿದಳೆಂದು ಸಂಸ್ಥಾನದ ಪರಂಪರೆ ಹೇಳುತ್ತದೆ. ಮೊದಲ ಜಯದ ಗುರುತಾಗಿ ಶಾಹೂ ಆ ಮಗುವಿಗೆ ಫತೇಸಿಂಹನೆಂದು ಹೆಸರಿಟ್ಟು ಮಗನಂತೆ ಸಾಕಿದನು. ಭೋಸಲೆ ಎಂಬ ಅಡ್ಡಹೆಸರನ್ನು ಕೊಟ್ಟನು. ಮುಂದೆ ಅಕ್ಕಲಕೋಟೆಯ ಸೀಮೆಯನ್ನು ವಹಿಸಿದನು. ಅಂದರೆ ಅಕ್ಕಲಕೋಟೆಯ ಸಂಸ್ಥಾನ ಸಂಭಾಜಿಯ ಮಗ ಸಾಕಿದ ಮಗುವಿನಿಂದ ಬೆಳೆದದ್ದು, ಮತ್ತು ಆ ಮಗುವಿನ ತಂದೆ ಶಾಹೂವಿನ ಎದುರಾಳಿಯಾಗಿ ಸತ್ತವನು. 1725–27ರ ನಡುವೆ ಮರಾಠರು ಚಿತ್ರದುರ್ಗ ಮತ್ತು ಶ್ರೀರಂಗಪಟ್ಟಣಗಳ ಕಡೆಗೆ ನಡೆಸಿದ ದಂಡಯಾತ್ರೆಗಳಿಗೆ ಹೆಸರಿಗೆ ನಾಯಕನಾಗಿದ್ದವನೂ ಇದೇ ಫತೇಸಿಂಹ. 1848ರಲ್ಲಿ ಸಾತಾರಾ ರಾಜ್ಯ ಬ್ರಿಟಿಷರ ವಶವಾದಾಗ ಅಕ್ಕಲಕೋಟೆ ನೇರವಾಗಿ ಅವರ ಅಧೀನಕ್ಕೆ ಬಂದಿತು. 1948ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಯಿತು.

ಈ ಸಂಸ್ಥಾನದ ದೊರೆಗಳು ಮರಾಠಾ ಮನೆತನದವರು. ಪ್ರಜೆಗಳಲ್ಲಿ ಬಹುಮಂದಿ ಕನ್ನಡಿಗರು. 1967ರಲ್ಲಿ ಮಹಾಜನ ಆಯೋಗ ಅಕ್ಕಲಕೋಟೆ ಮತ್ತು ದಕ್ಷಿಣ ಸೊಲ್ಲಾಪುರ ತಾಲೂಕುಗಳನ್ನು ಕರ್ನಾಟಕಕ್ಕೆ ಸೇರಿಸಬೇಕೆಂದು ಶಿಫಾರಸು ಮಾಡಿದ್ದಕ್ಕೆ ಆಧಾರ ಈ ಭಾಷಿಕ ಸ್ಥಿತಿಯೇ. ಶಿಫಾರಸು ಜಾರಿಗೆ ಬರಲಿಲ್ಲ. ಆದ್ದರಿಂದ ಅಕ್ಕಲಕೋಟೆಯ ಕನ್ನಡಿಗನಿಗೆ ಸಂಭಾಜಿ ಪರರಾಜ್ಯದ ದೊರೆಯಲ್ಲ. ಪೂರ್ತಿ ತನ್ನವನೂ ಅಲ್ಲ. ಇಲ್ಲಿನ ಕನ್ನಡ ಮಾಧ್ಯಮದ ಮಗು ನಾಲ್ಕನೆಯ ಇಯತ್ತೆಯಲ್ಲಿ ಶಿವಾಜಿ ಮಹಾರಾಜರ ಚರಿತ್ರೆಯನ್ನು ಓದುತ್ತದೆ. ಆ ಪುಸ್ತಕ ಪುಣೆಯ ಬಾಲಭಾರತಿಯಿಂದ ಕನ್ನಡದಲ್ಲಿಯೇ ಬರುತ್ತದೆ. ಕೆಳದಿಯ ಚೆನ್ನಮ್ಮಾಜಿಯ ಕಥೆಯನ್ನು ಅದೇ ಮಗು ಮನೆಯವರಿಂದಲೋ ಊರಿಗೆ ಬಂದ ನಾಟಕದಿಂದಲೋ ಕೇಳಬೇಕು.

ಕನ್ನಡದ ಕನ್ನಡಿಯಲ್ಲಿ

ಈ ಎರಡು ಕಥೆಗಳು ಬೇರೆಬೇರೆಯಲ್ಲ. ಸಂಭಾಜಿ ಹತನಾದ ವರ್ಷವೇ ಅವನ ತಮ್ಮ ರಾಜಾರಾಮ ಮೊಗಲರ ಕೈಗೆ ಸಿಗದೆ ಜಿಂಜಿಗೆ ಹೋಗುವಾಗ ಅವನಿಗೆ ಆಶ್ರಯವಿತ್ತವಳು ಕೆಳದಿಯ ರಾಣಿ ಚೆನ್ನಮ್ಮಾಜಿ. ಲಿಂಗಣ್ಣ ಕವಿಯ ‘ಕೆಳದಿನೃಪವಿಜಯ’ ಆ ಪ್ರಸಂಗವನ್ನು ದಾಖಲಿಸಿದೆ. ಇನ್ನೊಂದೆಡೆ ಮೈಸೂರಿನ ಚಿಕ್ಕದೇವರಾಜ ಒಡೆಯರ (1673–1704) ಆಸ್ಥಾನ ಸಾಹಿತ್ಯ ಮರಾಠರ ಮೇಲೆ ಪಡೆದ ಜಯವನ್ನು ಕೊಂಡಾಡಿ ದೊರೆಗೆ ‘ಅಪ್ರತಿಮವೀರ’ನೆಂಬ ಬಿರುದನ್ನು ಮೆರೆಸುತ್ತದೆ. 1680ರ ದಶಕದ ಮರಾಠರು ಒಂದು ಕನ್ನಡ ಆಸ್ಥಾನಕ್ಕೆ ಶತ್ರುಗಳು, ಇನ್ನೊಂದಕ್ಕೆ ಶರಣಾಗತರು. ‘ಕನ್ನಡದ ದೃಷ್ಟಿ’ ಎಂಬುದು ಒಂದೇ ಎಂದು ಭಾವಿಸುವವರು ಇದನ್ನು ನೆನೆಯಬೇಕು.

ದೋಷವುಳ್ಳ ದೊರೆಯನ್ನು ಕನ್ನಡ ಕಾದಂಬರಿ ಹೇಗೆ ಕಂಡಿದೆ ಎಂಬ ಹೋಲಿಕೆ ಇಲ್ಲಿ ಉಪಯುಕ್ತ. ಮಾಸ್ತಿಯವರ ‘ಚಿಕವೀರ ರಾಜೇಂದ್ರ’ (1956) ಕೊಡಗಿನ ಕೊನೆಯ ಅರಸನ ಕಥೆ. 1834ರಲ್ಲಿ ಬ್ರಿಟಿಷರು ಅವನನ್ನು ಪದಚ್ಯುತಗೊಳಿಸಿದರು. ಮಾಸ್ತಿ ಅರಸನ ಕ್ರೌರ್ಯವನ್ನೂ ವ್ಯಸನವನ್ನೂ ಮರೆಸುವುದಿಲ್ಲ. ಮಂತ್ರಿಗಳ ಮೇಲೆ ಹೊರಿಸುವುದೂ ಇಲ್ಲ. ಅರಸನ ದೋಷ ಅರಸನಲ್ಲಿಯೇ ಉಳಿಯುತ್ತದೆ. ಅದನ್ನು ತಿದ್ದಲಾಗದೆ ಹೊರಗಿನವರನ್ನು ಕರೆಯುವ ಒಳ್ಳೆಯವರ ಸಂಕಟ ಕಾದಂಬರಿಯ ಕೇಂದ್ರಕ್ಕೆ ಬರುತ್ತದೆ. ತ.ರಾ.ಸು. ಅವರ ‘ದುರ್ಗಾಸ್ತಮಾನ’ (1982) ಬೇರೆ ದಾರಿಯದು. 1779ರಲ್ಲಿ ಹೈದರ ಆಲಿಗೆ ಸೋತ ಮದಕರಿ ನಾಯಕನ ಸ್ವಭಾವದ ದುಡುಕು ಮತ್ತು ಅಭಿಮಾನ ಅಲ್ಲಿ ಕಾಣುತ್ತವೆ. ಆದರೂ ದುರ್ಗದ ಪತನ ಓದುಗನ ಸ್ವಂತ ನಷ್ಟದಂತೆ ನೋಯಿಸುತ್ತದೆ. ‘ಛಾವಾ’ ಇವೆರಡರಲ್ಲಿ ತ.ರಾ.ಸು. ಅವರಿಗೆ ಹತ್ತಿರ, ಮಾಸ್ತಿಯವರಿಗೆ ದೂರ.

ಈ ವ್ಯತ್ಯಾಸಕ್ಕೆ ಲೇಖಕರ ಮನೋಧರ್ಮವಷ್ಟೇ ಕಾರಣವಲ್ಲ. ಚಿಕವೀರರಾಜೇಂದ್ರ ಸಿಂಹಾಸನದಿಂದ ಇಳಿದು ಬದುಕಿದನು. ಸಂಭಾಜಿ ಹಿಂಸೆಯ ಸಾವನ್ನು ಕಂಡನು. ಅಂತಹ ಸಾವು ಹಿಂದಿನ ಬದುಕನ್ನೆಲ್ಲ ತನ್ನ ಬೆಳಕಿನಲ್ಲಿ ಓದಿಸುತ್ತದೆ. ಕೊನೆಯ ನಲವತ್ತು ದಿನಗಳ ಧೈರ್ಯ ಮೊದಲಿನ ಮೂವತ್ತೊಂದು ವರ್ಷಗಳ ಎಲ್ಲ ತಪ್ಪುಗಳಿಗೂ ಉತ್ತರವಾಗಬೇಕೆಂದು ಜನಮನ ಬಯಸುತ್ತದೆ. ಬಯಕೆ ಸಹಜವಾದುದೇ. ಆದರೆ ಅವನನ್ನು ದೊಡ್ಡವನನ್ನಾಗಿಸಿದ್ದು ತಪ್ಪು ಮಾಡದಿರುವಿಕೆಯಲ್ಲ. ಒಮ್ಮೆ ಮೊಗಲರ ಪಾಳೆಯವನ್ನು ತಾನಾಗಿಯೇ ಹೊಕ್ಕಿದ್ದವನು, ಎರಡನೆಯ ಬಾರಿ ಅವರ ಮುಂದೆ ಸಂಕೋಲೆಯಲ್ಲಿ ನಿಂತಾಗ ಮಣಿಯಲಿಲ್ಲ. ಮೊದಲನೆಯದನ್ನು ಅಳಿಸಿದರೆ ಎರಡನೆಯದರ ತೂಕ ಕಡಿಮೆಯಾಗುತ್ತದೆ.

ಗಡಿನಾಡಿನ ಓದುಗನ ಪಾಲು

ಸೊಲ್ಲಾಪುರ ಎರಡು ಭಾಷೆಗಳನ್ನು ಒಟ್ಟಿಗೆ ಆಡಿದ ಊರು. ಸಿದ್ಧರಾಮನ ಈ ಸೊನ್ನಲಿಗೆಯಲ್ಲಿ 1950ರಲ್ಲಿ ಕನ್ನಡ ಸಾಹಿತ್ಯ ಸಮ್ಮೇಳನ ನಡೆಯಿತು. ಇಲ್ಲಿಯೇ ಬೆಳೆದ ಜಯದೇವಿತಾಯಿ ಲಿಗಾಡೆಯವರು ಕನ್ನಡ, ಮರಾಠಿ ಎರಡರಲ್ಲಿಯೂ ಬರೆದರು. 1974ರ ಮಂಡ್ಯ ಸಮ್ಮೇಳನದ ಅಧ್ಯಕ್ಷರಾಗಿ ಆ ಪೀಠವೇರಿದ ಮೊದಲ ಮಹಿಳೆಯಾದರು. ಎರಡು ಭಾಷೆ ಬಲ್ಲವರಿಗೆ ಅನುವಾದದ ಅಗತ್ಯವೇನೆಂದು ಕೇಳುವವರಿದ್ದಾರೆ. ಅನುವಾದವೆಂದರೆ ಅರ್ಥ ತಿಳಿಸುವುದಷ್ಟೇ ಅಲ್ಲ. ಒಂದು ಕಥೆಯನ್ನು ಇನ್ನೊಂದು ಭಾಷೆಯ ನೆನಪುಗಳ ಪಕ್ಕದಲ್ಲಿ ಇಡುವುದು. ‘ಛಾವಾ’ ಎಂಬ ಮಾತನ್ನೇ ನೋಡಬಹುದು. ‘ಸಿಂಹದ ಮರಿ’ ಎಂದರೆ ಅರ್ಥ ಉಳಿದು ಬಿಸುಪು ಹೋಗುತ್ತದೆ. ‘ಸಿಂಹಕಿಶೋರ’ ಎಂದರೆ ಗಾಂಭೀರ್ಯ ಉಳಿದು ಮನೆಮಾತಿನ ಅಕ್ಕರೆ ಹೋಗುತ್ತದೆ. ಅಕ್ಕಲಕೋಟೆಯವರು ‘ಛಾವಾ’ ಎಂದೇ ಅನ್ನುತ್ತಾರೆ. ಅವರಿಗೆ ಅದು ಈಗ ಕನ್ನಡದ ಮಾತೂ ಹೌದು.

ಕಾದಂಬರಿಯನ್ನು ಅಭಿಮಾನದಿಂದ ಓದುವವರಿದ್ದಾರೆ, ಅನುಮಾನದಿಂದ ಓದುವವರೂ ಇದ್ದಾರೆ. ಗಡಿನಾಡಿನ ಕನ್ನಡಿಗನಿಗೆ ಇವೆರಡರ ಜೊತೆಗೆ ಇನ್ನೊಂದು ಓದು ಸಾಧ್ಯವಿದೆ. ತುಳಾಪುರದಲ್ಲಿ ಸತ್ತವನ ಧೈರ್ಯಕ್ಕೆ ಅವನು ತಲೆಬಾಗಬಲ್ಲ. ಅಥಣಿಯಲ್ಲಿ ಸುಟ್ಟ ಮನೆಗಳನ್ನೂ ಎಣಿಸಬಲ್ಲ. ಮರಾಠಿ ವಿಮರ್ಶೆಗೆ ನಾವು ಕೊಡಬಹುದಾದ ಕಾಣಿಕೆ ಈ ಓದು. ಕನ್ನಡದಲ್ಲಿ ಅದನ್ನು ಬರೆದಿಡುವ ಹೊಣೆಯೂ ನಮ್ಮದೇ ಆಗಿದೆ.